ದನಿಯಿಲ್ಲದ ಕಂತು

ಟೀವಿ ನೋಡುವವರಿಗೆಲ್ಲ ಅವಳು ‘ಯಾಕಕ್ಕ’. ಅಪಘಾತ, ಕಳ್ಳತನಗಳ ವರದಿ ಮಾಡುತ್ತಿದ್ದವಳು ಒಮ್ಮೆ ಕುಸಿದ ಸೇತುವೆಯ ಮುಂದೆ ನಿಂತು, ಕಬ್ಬಿಣಕ್ಕೆ ತುಕ್ಕು ಯಾಕೆ ಹಿಡಿಯುತ್ತದೆ ಎಂದೂ ಹೇಳಿಬಿಟ್ಟಿದ್ದಳು. ಜನಕ್ಕೆ ಅದೇ ಹಿಡಿಸಿತು. ಅಂದಿನಿಂದ ವಾರಕ್ಕೊಂದು ವಿಜ್ಞಾನ ಕಾರ್ಯಕ್ರಮ, ಕಂತಿಗೊಂದು ‘ಯಾಕೆ’. ಮಾತೋ, ಅರಳು ಹುರಿದಂತೆ!

ಆ ಮಾತಿಗೇ ಕುತ್ತು ಬಂತು. ಗಂಟಲಿನ ದನಿತಂತುಗಳ ಮೇಲೆ ಬೆಳೆದಿದ್ದ ಗಂಟನ್ನು ತೆಗೆದ ವೈದ್ಯರು, “ನಾನು ಹೇಳೋವರೆಗೂ ಪಿಟ್ಟೆನ್ನಬಾರದು. ಪಿಸುಮಾತೂ ಬೇಡ,” ಎಂದು ಕಟ್ಟಪ್ಪಣೆ ಮಾಡಿದರು. ವಾಹಿನಿಯ ಸಂಪಾದಕರು ಮುಖ ಸಣ್ಣದು ಮಾಡಿಕೊಂಡು, “ಜಾಗ ಖಾಲಿ ಬಿಡೋಕಾಗಲ್ಲ ಮೇಡಂ. ನಿಮ್ಮ ವೇಳೆಗೆ ಅಡುಗೆ ಕಾರ್ಯಕ್ರಮದವನು ತುದಿಗಾಲಲ್ಲಿ ನಿಂತಿದ್ದಾನೆ,” ಎಂದರು. ಜಗಳವಾಡಲು ಬಾಯಿಲ್ಲ. ತಲೆಯಾಡಿಸಿ ಮನೆಗೆ ಬಂದಳು.

ಮನೆಯಲ್ಲಿ ಅವಳನ್ನು ಸಾಕಿದ ದೊಡ್ಡಮ್ಮ. ಕಿವಿ ಕೇಳಿಸದೆ ಬಹಳ ಕಾಲವಾಗಿತ್ತು. ಮಾತು ಮಾತ್ರ ಗಟ್ಟಿ.

“ಈಗ ಗೊತ್ತಾಯ್ತಾ ನನ್ನ ಪಾಡು? ನಿನ್ನ ಪ್ರೋಗ್ರಾಂ ಒಂದೂ ಬಿಟ್ಟಿಲ್ಲ ಕಣೇ. ನೀನು ಬಾಯಾಡಿಸ್ತೀಯ, ನಾನು ನಿನ್ನ ಕಿವಿಯೋಲೆ ನೋಡ್ತೀನಿ!”

ನಗೆಯಲ್ಲೇ ಹೇಳಿದ ಮಾತು, ಆದರೂ ನಾಟಿತು. ಯಾಕಕ್ಕ ಪ್ರಯೋಗದ ಸಾಮಾನಿನ ಪೆಟ್ಟಿಗೆ ತಡಕಿ ಒಂದು ಬಲೂನಿಗೆ ಪಂಪಿನಿಂದ ಗಾಳಿ ತುಂಬಿದಳು. ಅದನ್ನು ದೊಡ್ಡಮ್ಮನ ಅಂಗೈಗಳ ನಡುವೆ ಹಿಡಿಸಿ, ರೇಡಿಯೋದ ಹತ್ತಿರ ಕೂರಿಸಿ ಸದ್ದು ಏರಿಸಿದಳು.

“ಅಯ್ಯೋ, ನಡುಗ್ತಿದೆ!” ದೊಡ್ಡಮ್ಮನ ಕಣ್ಣರಳಿತು. “ತಾಳು... ಈಗ ಡ್ರಮ್ ಬಾರಿಸಿದ್ರು. ಅಲ್ವೇನೇ?”

ಯಾಕಕ್ಕ ಹೌದೆಂದು ತಲೆಯಾಡಿಸಿದಳು. ಮೊಬೈಲು ತೆಗೆದು ಹೊಸ ಕಂತಿನ ಟಿಪ್ಪಣಿ ಬರೆಯತೊಡಗಿದಳು.

ಮರುದಿನ, ಮಾತೇ ಇಲ್ಲದ ಕಂತೊಂದನ್ನು ಮಾಡುತ್ತೇನೆಂದು ಸಂಪಾದಕರ ಮುಂದೆ ಹಠ ಹಿಡಿದು ಕೂತಳು, ಮೊಬೈಲಿನಲ್ಲಿ ಬರೆದು ಬರೆದು ತೋರಿಸುತ್ತ.

“ಮಾತಿಲ್ಲದ ಟೀವಿ ಅಂದ್ರೆ ಉಪ್ಪಿಲ್ಲದ ಊಟ ಮೇಡಂ,” ಎಂದು ಗೊಣಗಿದ ಅವರು ಕೊನೆಗೆ ಸೋತರು. “ಸರಿ, ಒಂದೇ ಒಂದು ಕಂತು.”

ವಿಷಯ: ಶಬ್ದ ಎಂದರೆ ಏನು? ಸ್ಪೀಕರಿನ ಮೇಲೆ ಮರಳು ಕುಣಿಯಿತು, ಅದರೆದುರು ಮೇಣದ ಬತ್ತಿಯ ಕುಡಿ ಬೆದರಿತು. ವೈದ್ಯರು ಕ್ಯಾಮೆರಾದಲ್ಲಿ ಸೆರೆಹಿಡಿದಿದ್ದ ಅವಳದೇ ದನಿತಂತುಗಳ ಚಿತ್ರ ಬಂತು. ಕೊನೆಯಲ್ಲಿ ಬಲೂನು ಹಿಡಿದ ದೊಡ್ಡಮ್ಮ. ತೆರೆಯ ಮೇಲೆ ಬರಹದ ಸಾಲುಗಳು, ದನಿ ಮಾತ್ರ ಸೊನ್ನೆ. ಚಿತ್ರೀಕರಣದ ನಡುವೆ ಅವಳು ಅಭ್ಯಾಸಬಲದಿಂದ ಬಾಯಿ ತೆರೆದಾಗಲೆಲ್ಲ ಕ್ಯಾಮೆರಾದವನು ತುಟಿಯ ಮೇಲೆ ಬೆರಳಿಟ್ಟು ಗದರಿಸಿದ.

ಪ್ರಸಾರವಾದ ಕೂಡಲೇ ಕಚೇರಿಯ ಫೋನು ಬಡಿದುಕೊಂಡಿತು. “ನಮ್ ಟೀವಿ ಕೆಟ್ಟೋಯ್ತಾ?” ಎಂದವರೇ ಹೆಚ್ಚು. ಸಂಪಾದಕರು ಹಣೆ ಒತ್ತಿಕೊಂಡರು. ಆಮೇಲೆ ಬಂದ ಒಂದು ಕರೆಯನ್ನು ಅವರೇ ಸ್ಪೀಕರಿಗೆ ಹಾಕಿದರು.

“ನನ್ ಮಗಳಿಗೆ ಕಿವಿ ಕೇಳ್ಸಲ್ಲ,” ಎಂದಿತು ಒಬ್ಬ ತಾಯಿಯ ದನಿ. “ಟೀವಿ ಮುಂದೆ ಯಾವಾಗ್ಲೂ ನಾವು ನಗೋದು, ಯಾಕೆ ಅಂತ ಅವಳು ಕೇಳೋದು. ಇವತ್ತು ಅವಳೇ ಮೊದಲು ನಕ್ಕಳು.”

ಅಡುಗೆಯವನಿಗೆ ಬೇರೆ ವೇಳೆ ಸಿಕ್ಕಿತು, ಯಾಕಕ್ಕನ ಜಾಗ ಅವಳಿಗೇ ಉಳಿಯಿತು.

ದನಿ ಮರಳಿತು, ಸ್ವಲ್ಪ ಒಡಕಾಗಿ. ಅವಳು ಮಾತು ಬಿಡಲಿಲ್ಲ, ಆದರೆ ಈಗ ಕಂತು ಸಿದ್ಧವಾದಾಗ ದೊಡ್ಡಮ್ಮನನ್ನು ಸಂಕಲನದ ಕೋಣೆಗೆ ಕರೆತಂದು, ಸದ್ದು ನಿಲ್ಲಿಸಿ ತಾನೂ ಜೊತೆಗೆ ಕೂತು ನೋಡುತ್ತಾಳೆ. ದೊಡ್ಡಮ್ಮ ಅರ್ಥವಾಗದೆ ಹುಬ್ಬು ಗಂಟಿಕ್ಕಿದರೆ ಆ ಭಾಗ ಮತ್ತೆ ಚಿತ್ರೀಕರಣಕ್ಕೆ ಹೋಗುತ್ತದೆ.