ಪಕ್ಕದಿಂದ ಬರುವವರು

ನಮ್ಮ ಮಾವನವರು ಅದನ್ನು ವಾಡೆ ಎನ್ನುತ್ತಿದ್ದರು, ಹಳೆಯ ಕಾಲದ ದೊಡ್ಡ ಮನೆಯೋ ಎಂಬಂತೆ. ಕಂಪ್ಯೂಟರಿನ ಆಟದ ಪ್ರಕಾರ ಅದು ಯಾವುದೋ ದೂರದ ಗ್ರಹದ ಸುತ್ತ ತಿರುಗುತ್ತಿರುವ, ಜನರೆಲ್ಲ ಬಿಟ್ಟುಹೋದ ಒಂದು ನಿಲ್ದಾಣ. ಉದ್ದನೆಯ ಓಣಿಗಳು, ಹತ್ತಿರ ಹೋದರೆ ತಾವೇ ಮೇಲಕ್ಕೆ ಸರಿಯುವ ಬಾಗಿಲುಗಳು, ನೀಲಿ ಬೆಳಕು ತುಂಬಿದ ಅಂಗಳಗಳು. ಆಡುವವನ ಮುಖ ಎಂದೂ ಕಾಣುವುದಿಲ್ಲ. ಪರದೆಯ ಕೆಳಗೆ ಅವನ ಎರಡು ಕೈ, ಕೈಯಲ್ಲೊಂದು ಬಂದೂಕು. ಉಳಿದದ್ದೆಲ್ಲ ಅವನ ಕಣ್ಣಿಗೆ ಕಂಡಷ್ಟೇ.

ಹತ್ತಿ ವ್ಯಾಪಾರದ ಲೆಕ್ಕಕ್ಕೆಂದು ನನ್ನ ಗಂಡ ಗುರುಪಾದ ಹುಬ್ಬಳ್ಳಿಯ ಕಮರುದ್ದೀನನ ಅಂಗಡಿಯಿಂದ ಹಳೆಯ ಕಂಪ್ಯೂಟರ್ ತಂದದ್ದು 2003ರ ಬೇಸಿಗೆಯಲ್ಲಿ. ಆಟ ಅದರೊಳಗೇ ಇತ್ತು.

“ಹಳೇ ಪದ್ಧತಿ ಆಟ ಐತ್ರಿ, ಚಿತ್ರ ಎಲ್ಲಾ ಚೌಕ ಚೌಕ ಕಾಣತಾವ. ಅಳಿಸಿ ಕೊಡ್ಲೇನ್ರಿ?” ಎಂದು ಕಮರುದ್ದೀನ ಕೇಳಿದ್ದನಂತೆ.

“ಇರ್ಲಿ ಬಿಡು. ಅದೇನು ಕುಂತಲ್ಲೆ ಜ್ವಾಳ ತಿಂತೈತೇನು?” ಎಂದು ಗುರುಪಾದ ಹಾಗೆಯೇ ಹೊತ್ತು ತಂದ.

ಅಮರಗೋಳದ ಮಾರುಕಟ್ಟೆಯ ಅಂಗಡಿಯನ್ನು ಮಗನಿಗೆ ಬಿಟ್ಟುಕೊಟ್ಟ ಮೇಲೆ ಮಾವನವರಿಗೆ ಮಧ್ಯಾಹ್ನಗಳು ಉದ್ದವಾಗಿದ್ದವು. ಉಣಕಲ್ಲಿನ ನಮ್ಮ ಮನೆಯ ನಡುಮನೆಯಲ್ಲಿ, ಕಿಟಕಿಯ ಪರದೆ ಎಳೆದ ಮಬ್ಬಿನಲ್ಲಿ, ಅವರು ಆ ವಾಡೆಯನ್ನು ಹೊಕ್ಕು ನಡೆಯತೊಡಗಿದರು. ಮೊದಮೊದಲು ನನ್ನ ಮಗಳು ವಿದ್ಯಾ ಅಜ್ಜನಿಗೆ ಕೀಲಿಗಳನ್ನು ತೋರಿಸಿಕೊಟ್ಟಳು. ಆಮೇಲೆ ಅವರಿಗೆ ಯಾರೂ ಬೇಕಾಗಲಿಲ್ಲ.

ಅತ್ತೆ ಗೌರಕ್ಕನವರಿಗೆ ನಗು. “ಇರುವಿ ತುಳದ್ರ ಶಿವಶಿವಾ ಅನ್ನಾವ್ರು, ಈಗ ಬಂದೂಕು ಹಿಡದಾರ ನೋಡವಾ ವಾಣಿ!”

“ಇವು ಹತ್ತಿಕಾಯಾಗಿನ ಹುಳ ಅದಾವ, ಗೌರಿ. ಇವಕ್ಕ ಎಣ್ಣಿ ಹೊಡಿಯಂಗಿಲ್ಲೇನು?” ಎಂದು ಮಾವನವರು ಪರದೆಯಿಂದ ಕಣ್ಣು ತೆಗೆಯದೆ ಹೇಳಿದರು. ನಿಜವೇ. ಆ ನಿಲ್ದಾಣವನ್ನು ಆಕ್ರಮಿಸಿದ್ದ ಬೂದುಬಣ್ಣದ ಪ್ರಾಣಿಗಳು ಕಾಯಿಕೊರಕ ಹುಳದ ಹಾಗೇ ಇದ್ದವು, ಆದರೆ ಆಳೆತ್ತರ.

ಅವರು ಹೊಡೆದದ್ದಕ್ಕಿಂತ ನಡೆದದ್ದೇ ಹೆಚ್ಚು. ಒಂದು ಅಂಗಳದಲ್ಲಿ ಗೋಡೆಯಷ್ಟು ದೊಡ್ಡ ಕಿಟಕಿ ಇತ್ತು. ಅದರಾಚೆ ಕೆಂಪು ಗ್ರಹವೊಂದು ಮೆಲ್ಲಗೆ ಏರುತ್ತಿತ್ತು. ಮಾವನವರು ಅಲ್ಲಿ ಬಂದೂಕು ಹಿಡಿದು ಸುಮ್ಮನೆ ನಿಂತುಬಿಡುವರು. ನಾನು ಪಕ್ಕದಲ್ಲಿ ಶೇಂಗಾ ಸುಲಿಯುತ್ತ ಕೂತಿರುತ್ತಿದ್ದೆ. ಫ್ಯಾನಿನ ಸದ್ದು ಯಾವುದು, ಆ ನಿಲ್ದಾಣದ ಗುಂಯ್ ಎನ್ನುವ ಸದ್ದು ಯಾವುದು ಎಂದು ಕೆಲವೊಮ್ಮೆ ತಿಳಿಯುತ್ತಿರಲಿಲ್ಲ. ನಾವಿಬ್ಬರೂ ಭೂಮಿಯಿಂದ ಬಹಳ ದೂರ ಬಂದಿದ್ದೇವೆ, ಬುಟ್ಟಿಯಲ್ಲಿ ಶೇಂಗಾ ಮಾತ್ರ ಜೊತೆಗೆ ಬಂದಿದೆ ಅನ್ನಿಸುತ್ತಿತ್ತು.

ಆದರೆ ನನ್ನ ಸ್ವಭಾವ ಕನಸಿನಲ್ಲೂ ಕಾವಲು ಕಾಯುವಂಥದು. ಹುಳ ಬಂತೆಂದರೆ ಬಾಯಿ ತಡೆಯದು. “ಎಡಕ್ಕ, ಮಾವಾರ! ಎಡಕ್ಕ!” ಎನ್ನುವಷ್ಟರಲ್ಲಿ ಪರದೆ ಕೆಂಪಾಗಿ, ಅವರು ಸತ್ತು, ವಾಡೆಯ ಬಾಗಿಲಿಗೆ ವಾಪಸಾಗಿರುತ್ತಿದ್ದರು.

ನೇರ ಎದುರಿನಿಂದ ಬಂದ ಹುಳವನ್ನು ಅವರು ಓಣಿಯ ತುದಿಯಲ್ಲೇ ಉರುಳಿಸುತ್ತಿದ್ದರು. ಸಾಯುತ್ತಿದ್ದುದೆಲ್ಲ ಪಕ್ಕದಿಂದ ಬಂದವುಗಳಿಂದ. ಮೊದಲು ನಾನು ವಯಸ್ಸೆಂದುಕೊಂಡೆ, ಕೈ ನಿಧಾನವೆಂದುಕೊಂಡೆ. ಒಂದು ದಿನ ಪರದೆಯ ಎಡ ಅಂಚಿನಲ್ಲಿ ಒಂದು ಹುಳ ಪೂರ್ತಿ ಮೈ ತೋರಿಸಿ ನಿಂತಿತ್ತು. ಅವರ ಬೆರಳು ಕೀಲಿಯ ಮೇಲೆ ಆರಾಮಾಗಿತ್ತು. ಹುಳ ಹತ್ತಿರ ಬಂತು, ಇನ್ನೂ ಹತ್ತಿರ ಬಂತು. ಅವರ ಮುಖದಲ್ಲಿ ಏನೂ ಬದಲಾಗಲಿಲ್ಲ. ಖಾಲಿ ಅಂಗಳದಲ್ಲಿ ನಿಂತವರ ಮುಖ ಅದು.

ಶೇಂಗಾ ನನ್ನ ಕೈಯಲ್ಲೇ ಉಳಿಯಿತು.

ನಮ್ಮ ಮಾವ ನೀಲಕಂಠಪ್ಪನವರು ಅತ್ತಿತ್ತ ನೋಡುವವರಲ್ಲ ಎಂಬುದು ಮಾರುಕಟ್ಟೆಯಲ್ಲೂ ಮಠದಲ್ಲೂ ಹೆಸರಾದ ಮಾತು. ಬೆಳಿಗ್ಗೆ ಮಡಿಯುಟ್ಟು, ಇಷ್ಟಲಿಂಗವನ್ನು ಎಡಗೈಯ ಅಂಗೈಯಲ್ಲಿಟ್ಟು ಕೂತರೆ ರೆಪ್ಪೆ ಮಿಟುಕುತ್ತಿರಲಿಲ್ಲ. “ದೃಷ್ಟಿ ಅಂದ್ರ ನೀಲಕಂಠಪ್ಪನವ್ರ ದೃಷ್ಟಿ” ಎನ್ನುತ್ತಿದ್ದರು ಬಂದವರು. ದಾರಿಯಲ್ಲಿ ಪಕ್ಕಕ್ಕೆ ನಿಂತವರನ್ನು ಅವರು ಮಾತಾಡಿಸದೆ ಹೋದರೆ ಅದು ಗಾಂಭೀರ್ಯ. ತಾಟಿನ ಅಂಚಿನ ಚಟ್ನಿ ಹಾಗೇ ಉಳಿದರೆ ಅದು ನಾಲಿಗೆಯ ಹಿಡಿತ. ನೀರಿನ ತಂಬಿಗೆಗೆ ಕೈ ತಾಗಿ ಉರುಳಿದರೆ, ಧ್ಯಾನದಲ್ಲಿದ್ದಾರೆ. ಮನೆಯವರೆಲ್ಲ ಕೂಡಿ, ವರ್ಷಗಳಿಂದ, ಒಂದೊಂದಕ್ಕೂ ಒಂದೊಂದು ಒಳ್ಳೆಯ ಹೆಸರು ಇಟ್ಟಿದ್ದೆವು.

ಇದೇ ಮಾವನವರು ದಿನಾ ಬೆಳಿಗ್ಗೆ ವಿದ್ಯಾಳನ್ನು ಸ್ಕೂಟರಿನ ಮುಂದೆ ನಿಲ್ಲಿಸಿಕೊಂಡು, ಹುಬ್ಬಳ್ಳಿ–ಧಾರವಾಡ ರಸ್ತೆ ದಾಟಿ ಸಾಲೆಗೆ ಬಿಡುತ್ತಿದ್ದರು. ಆ ರಸ್ತೆ ದಾಟುವಾಗ ಎದುರಿನಿಂದ ಏನೂ ಬರುವುದಿಲ್ಲ. ಬಸ್ಸು, ಲಾರಿ, ಟೆಂಪೋ ಎಲ್ಲ ಬರುವುದು ಪಕ್ಕದಿಂದ.

ಗುರುಪಾದನಿಗೆ ಹೇಳಿದೆ. ಆತ ಊಟ ಮಾಡುತ್ತ ನಕ್ಕ. “ಅಪ್ಪಗ ಆಟ ಆಡಾಕ ಬರಂಗಿಲ್ಲ ಅಂತ ದವಾಖಾನಿಗೆ ಕರಕೊಂಡು ಹೋಗೂದೇನು? ಗ್ಯಾಸ್ ಬಂದ್ ಮಾಡಿ ಬಂದು, ಮತ್ತ ಹೊಳ್ಳಿ ಹೋಗಿ ನೋಡಾಕಿ ನೀ. ನಿನ್ನ ಅಂಜಿಕಿ ಕೇಳ್ಕೋತ ಕುಂತ್ರ ಸ್ಕೂಟರ್ ಅಲ್ಲ, ನೆಲದ ಮ್ಯಾಲ ನಡ್ಯಾಕೂ ಆಗಂಗಿಲ್ಲ.”

ಅವನ ಮಾತಿನಲ್ಲಿ ಸಿಟ್ಟಿರಲಿಲ್ಲ. ನಾನು ದಿನಕ್ಕೆ ಹತ್ತು ಅಪಾಯ ಕಾಣುವವಳು. ಹನ್ನೊಂದನೆಯದನ್ನು ಯಾರು ನಂಬುತ್ತಾರೆ? ಮರುದಿನ ಗೇಟಿನಲ್ಲಿ ನಿಂತು ಸ್ಕೂಟರಿನ ಸದ್ದು ಕರಗುವವರೆಗೆ ಕೇಳಿದೆ. ಕರಗಿದ ಮೇಲೂ ಕೇಳುತ್ತಿದ್ದೆ. ಆ ಮಧ್ಯಾಹ್ನವೇ ಅವರಿಗೇ ಹೇಳಬೇಕೆಂದು ನಿರ್ಧರಿಸಿದೆ. ಹೇಗೆ ಹೇಳುವುದು ಮಾತ್ರ ಗೊತ್ತಿರಲಿಲ್ಲ. ಊರೇ ಹೊಗಳಿದ ದೃಷ್ಟಿಗೆ ದೋಷವಿದೆ ಎಂದು ಸೊಸೆ ಹೇಗೆ ಹೇಳಬೇಕು?

ಅವರು ಎಂದಿನಂತೆ ಪರದೆಗೆ ಮೂಗು ತಾಗುವಷ್ಟು ಹತ್ತಿರ ಕೂತು ಕಿಟಕಿಯ ಅಂಗಳಕ್ಕೆ ಬಂದಿದ್ದರು. ಕೆಂಪು ಗ್ರಹ ಏರುತ್ತಿತ್ತು. ಎಡ ಅಂಚಿನಿಂದ ಹುಳ ಸರಿದು ಬಂತು. ನಾನು ಈ ಸಲ ಕೂಗಲಿಲ್ಲ. ಕೈ ಚಾಚಿ, ಆಟವನ್ನು ನಿಲ್ಲಿಸುವ ಕೀಲಿ ಒತ್ತಿದೆ. ಗ್ರಹ ನಿಂತಿತು. ಹುಳ ಎತ್ತಿದ ಕಾಲಲ್ಲೇ ನಿಂತಿತು.

“ಯಾಕವಾ?”

“ಮಾವಾರ, ಈಗ ಅಂಗಳದಾಗ ಯಾರದಾರ್ರಿ?”

“ಯಾರಿಲ್ಲ. ನಾನ ಅದೇನಿ.”

“ಕಣ್ಣು ಸರಸಬ್ಯಾಡ್ರಿ. ಆ ಗ್ರಹಾನ ನೋಡ್ಕೋತ ಹೇಳ್ರಿ.”

“ಯಾರೂ ಇಲ್ಲ ಅಂದ್ನೆಲ್ಲ.”

“ಈಗ ಎಡಕ್ಕ ಹೊಳ್ಳಿ ನೋಡ್ರಿ.”

ಅವರು ಇಡೀ ತಲೆಯನ್ನು ತಿರುಗಿಸಿದರು. ಕುರ್ಚಿ ಕಿರ್ ಎಂದಿತು.

“ಇದು ಯಾವಾಗ ಬಂತು?”

“ಆಗಿಂದ ಅಲ್ಲೇ ಐತ್ರಿ.”

ಸಿಟ್ಟಾಗುತ್ತಾರೆಂದು ಕಾದೆ. ಅವರು ಸಿಟ್ಟಾಗಲಿಲ್ಲ. ಸರಕು ಪರೀಕ್ಷಿಸುವ ವ್ಯಾಪಾರಿಯ ಹಾಗೆ ಒಮ್ಮೆ ಗ್ರಹ ನೋಡಿದರು, ಒಮ್ಮೆ ಹುಳ ನೋಡಿದರು. ಮತ್ತೆ ಗ್ರಹ. ಆಮೇಲೆ ನನ್ನ ಕಡೆಗೆ ತಿರುಗಿ ಕೂತು, ಎಡಗೈಯನ್ನು ಎದೆಯ ಎತ್ತರಕ್ಕೆ ತಂದು, ಪೂಜೆಯಲ್ಲಿ ಹಿಡಿಯುವ ಹಾಗೆ ಹಿಡಿದರು. ಅಂಗೈ ಖಾಲಿ ಇತ್ತು. ಅದರಲ್ಲೇ ದೃಷ್ಟಿ ನೆಟ್ಟರು.

“ನನ್ನ ಕಿವಿ ಕಡೆ ಕೈ ತಗೊಂಡು ಬಾ. ಬಟ್ಟು ಅಲ್ಲಾಡಸು.”

ಬೆರಳು ಅಲ್ಲಾಡಿಸಿದೆ.

“ಅಲ್ಲಾಡಸಾಕತ್ತೀಯೇನು?”

“ಹೂನ್ರಿ.”

“ಈಗ?”

“ಈಗೂ ಅಲ್ಲಾಡಸಾಕತ್ತೇನ್ರಿ. ಮುಂದ ತಂದೇನ್ರಿ.”

ನನ್ನ ಕೈ ಅವರ ಮುಖದ ಎದುರಿಗೇ ಬಂದ ಮೇಲೆ “ಹಾಂ” ಎಂದರು. ಬಲಗಡೆಯೂ ಹಾಗೆಯೇ ಮಾಡಿಸಿದರು. ಬಲಗಡೆಯೂ ಅಷ್ಟೇ.

ಆಟ ನಿಂತಿದ್ದರೂ ನಿಲ್ದಾಣ ಗುಂಯ್ ಎನ್ನುತ್ತಿತ್ತು.

“ಪೂಜಿಗೆ ಕುಂತಾಗ,” ಅವರು ಅಂಗೈಯನ್ನೇ ನೋಡುತ್ತ ಹೇಳಿದರು, “ಸುತ್ತಲಿಂದೆಲ್ಲಾ ಕರಗಿ ಹೋಕ್ಕಿತ್ತು, ವಾಣಿ. ದೇವರ ಮನಿ ಇಲ್ಲ, ಗ್ವಾಡಿ ಇಲ್ಲ, ನನ್ನ ತೊಡಿ ಸೈತ ಇಲ್ಲ. ನಡುವ ಲಿಂಗ ಒಂದ. ವರ್ಷಾ ವರ್ಷಾ ಇನ್ನೂ ಸಣ್ಣದಾಗಿ, ಇನ್ನೂ ಸ್ವಚ್ಛ. ನಾ ಅದನ್ನ ಆತನ ಕೃಪಾ ಅನ್ಕೊಂಡಿದ್ದೆ.”

ಕೃಪೆಯೂ ಇರಬಹುದಲ್ಲ ಎನ್ನಲು ಧೈರ್ಯ ಬರಲಿಲ್ಲ. ಅಲ್ಲ ಎನ್ನಲು ನಾನು ಯಾರು?

ಅವರು ಎದ್ದರು. ಬಾಗಿಲ ಚೌಕಟ್ಟನ್ನು ಕೈಯಿಂದ ಮುಟ್ಟಿ, ಇದೇ ಮೊದಲ ಸಲ ಅದರ ಅಗಲ ಅಳೆಯುವವರಂತೆ ನಿಂತರು. “ಗುರುಪಾದಗ ಹೇಳು. ನಾಳಿಯಿಂದ ಹುಡಿಗೀನ್ನ ಅವನೇ ಸಾಲಿಗೆ ಬಿಡ್ಲಿ. ನಾ ಸ್ಕೂಟರ್ ಮುಟ್ಟಂಗಿಲ್ಲ.”

ಸಂಜೆ ಗುರುಪಾದ ನನ್ನ ಕಡೆ ನೋಡಿ ಏನೋ ಅನ್ನಲು ಹೋದ. ಮಾವನವರು ಅವನನ್ನೂ ಎದುರಿಗೆ ಕೂರಿಸಿ ಬೆರಳು ಅಲ್ಲಾಡಿಸಲು ಹೇಳಿದರು. ಆಮೇಲೆ ಅವನು ವಿದ್ಯಾಳನ್ನು ಎತ್ತಿಕೊಂಡು ಹಿತ್ತಲಿಗೆ ಹೋದ.

ಸತ್ತೂರಿನ ಆಸ್ಪತ್ರೆಗೆ ನಾನೇ ಕರೆದುಕೊಂಡು ಹೋದೆ. ಕತ್ತಲ ಕೋಣೆಯಲ್ಲಿ ಬಿಳಿಯ ಗುಮ್ಮಟದಂಥ ಒಂದು ಯಂತ್ರ. ಅದರೊಳಗೆ ಮುಖವಿಟ್ಟು ನಡುವಿನ ಬೆಳಕನ್ನೇ ನೋಡುತ್ತಿರಬೇಕು. ಸುತ್ತ ಎಲ್ಲಾದರೂ ಚುಕ್ಕೆ ಮಿಂಚಿದರೆ ಕೈಯಲ್ಲಿನ ಗುಂಡಿ ಒತ್ತಬೇಕು. ಯಂತ್ರ ಟಿಕ್ ಟಿಕ್ ಎನ್ನುತ್ತಿತ್ತು. ಅವರ ಗುಂಡಿಯ ಸದ್ದು ಆಗೊಮ್ಮೆ ಈಗೊಮ್ಮೆ ಬರುತ್ತಿತ್ತು. ನಡುವಿನ ಮೌನಗಳಲ್ಲಿ ಅವರಿಗೆ ಕಾಣದ ನಕ್ಷತ್ರಗಳು ಒಂದೊಂದಾಗಿ ಹತ್ತಿ ಆರುತ್ತಿದ್ದವು ಎಂದು ಊಹಿಸಿಕೊಂಡು, ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಂಡು ಕೂತಿದ್ದೆ.

“ಹೋದದ್ದು ಹೊಳ್ಳಿ ಬರಂಗಿಲ್ರಿ ಅಜ್ಜಾರ,” ಎಂದರು ಡಾಕ್ಟರಮ್ಮ. “ಕಣ್ಣಾಗ ಒತ್ತಡ ಹೆಚ್ಚಾಗಿ ನರ ಸೋತಾವ. ನಡುವಿಂದು ಇನ್ನೂ ಗಟ್ಟಿ ಐತಿ. ಅದನ್ನ ಉಳಸ್ಕೊಳ್ಳೂಣು. ಹನಿ ಬಿಡೂದು ಒಂದಿನಾನೂ ತಪ್ಪಸಬ್ಯಾಡ್ರಿ.”

“ತಪ್ಪಸಂಗಿಲ್ರಿ. ಈಕಿ ತಪ್ಪಸಗೊಡಂಗಿಲ್ಲ,” ಎಂದು ಮಾವನವರು ನನ್ನ ಕಡೆ ಪೂರ್ತಿ ತಿರುಗಿ ಹೇಳಿದರು. “ನಮ್ಮ ಮನ್ಯಾಗ ಅಂಜಾಕಂತ ಒಬ್ಬಾಕಿ ಅದಾಳ. ಛಲೋ ಆತು.”

ವಾಪಸು ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತರು. ರಾಯಾಪುರ ದಾಟುತ್ತಲೇ ತಲೆ ತಿರುಗಿಸಲು ಶುರುಮಾಡಿದರು. ಎಡಕ್ಕೆ ಹೊರಗಿನ ಮರಗಳು, ನಿಧಾನವಾಗಿ ಬಲಕ್ಕೆ ಬಸ್ಸಿನೊಳಗಿನ ಜನ, ಬುಟ್ಟಿಗಳು, ಅಮ್ಮನ ಹೆಗಲ ಮೇಲೆ ನಿದ್ದೆಹೋದ ಕೂಸು, ಮತ್ತೆ ಎಡಕ್ಕೆ. ಸಂಜೆಯ ಬಿಸಿಲು ಎಲ್ಲರ ಮುಖದ ಮೇಲೂ ಬಿದ್ದು, ಬಸ್ಸು ರಸ್ತೆಯನ್ನು ಬಿಟ್ಟು ತೇಲುತ್ತಿರುವಂತಿತ್ತು.

ಪಕ್ಕದ ಸೀಟಿನವನೊಬ್ಬ ಕೇಳಿಯೇಬಿಟ್ಟ. “ಯಾರರ ಹತ್ತಾವ್ರದಾರೇನ್ರಿ ಅಜ್ಜಾರ? ಹುಡಕಾಕತ್ತೀರಿ?”

“ಯಾರೂ ಇಲ್ಲಪಾ. ಹಿಂಗ ನೋಡೂದು ರೂಢಿ ಮಾಡ್ಕೊಳ್ಳಾಕತ್ತೇನಿ.”

ಉಣಕಲ್ಲಿನಲ್ಲಿ ಇಳಿದೆವು. ನಮ್ಮ ಮನೆ ರಸ್ತೆಯ ಆಚೆ. ನಾನು ಅವರ ಕೈ ಹಿಡಿಯಲು ಹೋಗಿ ತಡೆದುಕೊಂಡೆ. ಅವರು ಅಂಚಿನಲ್ಲಿ ನಿಂತು ಬಲಕ್ಕೆ ತಲೆಯನ್ನು ಭುಜದವರೆಗೆ ತಿರುಗಿಸಿದರು, ಆಮೇಲೆ ಎಡಕ್ಕೆ. ಅವರನ್ನೇ ನೋಡುತ್ತಿದ್ದ ನಾನು, ರಸ್ತೆ ಖಾಲಿ ಇದೆಯೆಂದುಕೊಂಡು ಕಾಲು ಮುಂದಿಟ್ಟೆ.

ಮಾವನವರ ತೋಳು ನನಗೆ ಅಡ್ಡ ಬಂತು.

“ತಡಿ. ಲಾರಿ ಬರಾಕತ್ತೈತಿ.”

ಹತ್ತಿಯ ಅಂಡಿಗೆ ಮೂಟೆಗಳನ್ನು ಹೇರಿದ ಲಾರಿ ಗಾಳಿ ಎಬ್ಬಿಸಿಕೊಂಡು ನಮ್ಮೆದುರು ಹೋಯಿತು. ಅವರು ಮತ್ತೊಮ್ಮೆ ಎರಡೂ ಕಡೆ ನೋಡಿದರು.

“ಈಗ ಬಾ,” ಎಂದರು.