ಕ್ಲಬ್ಬಿನ ಸೊಸೆ

ಹೆಣವನ್ನು ಗೋಡೆಗೆ ಆನಿಸಿ ಕೂಡಿಸುವಾಗ ತಲೆ ಮತ್ತೆ ಮತ್ತೆ ಎದೆಯ ಮೇಲೆ ವಾಲುತ್ತಿತ್ತು.

“ಹಣಿಗೆ ಒಂದು ಪಟ್ಟಿ ಕಟ್ಟಿ ಕಿಡಕಿ ಸರಳಿಗೆ ಬಿಗೀರಿ,” ಎಂದರು ಜಂಗಮ ಅಯ್ಯನವರು. “ಗದ್ದಕ್ಕೂ ಒಂದು ಕಟ್ರಿ. ಬಾಯಿ ತೆರೀಬಾರದು.”

ನೀತಾ ಮಾವ ಮಲಕಪ್ಪನ ಹಳೆಯ ಧೋತರದ ಅಂಚು ಹಿಡಿದು ಪರ್ರನೆ ಹರಿದಳು. ಪಟ್ಟಿಯನ್ನು ಗಂಡ ಶಿವರಾಜನ ಕೈಗೆ ಕೊಟ್ಟಳು. ಅವನು ತಂದೆಯ ಗದ್ದದ ಕೆಳಗಿಂದ ನೆತ್ತಿಗೆ ಸುತ್ತಿ ಗಂಟು ಹಾಕುವಾಗ ಅವಳು ಮುಖ ತಿರುಗಿಸಲಿಲ್ಲ. ಮುಚ್ಚಿಹೋಗುತ್ತಿದ್ದ ಆ ಬಾಯಿಯನ್ನೇ ನೋಡುತ್ತ ನಿಂತಳು.

ಪುಣೆಯ ಕೊಂಢವಾದ ಆ ಎರಡು ಕೋಣೆಯ ಮನೆಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಸ್ವಂತ ಊರು ಇಂಡಿಯ ಕಡೆಯ ಬಳಗ ಬೆಳಗಿನ ಬಸ್ಸಿಗೆ ಬಂದಿಳಿದಿತ್ತು. ಅತ್ತೆ ಬಸವಣ್ಣೆವ್ವ ಗಂಡನ ಕಾಲ ಬಳಿ ಕೂತು, ಅಳಲೂ ತ್ರಾಣವಿಲ್ಲದೆ, ಅವನ ಪಾದದ ಮೇಲಿನ ನೊಣ ಓಡಿಸುತ್ತಿದ್ದಳು. ಬಾಗಿಲಲ್ಲಿ ಧರ್ಮಣ್ಣ ನಿಂತಿದ್ದರು. ಮಲಕಪ್ಪ ಮೂವತ್ತು ವರ್ಷ ಗುಮಾಸ್ತನಾಗಿದ್ದ ರವಿವಾರ ಪೇಠೆಯ ಜವಳಿ ಅಂಗಡಿಯ ಲೆಕ್ಕ ನೋಡುವ ದಿವಾಣಜಿ ಅವರು.

“ಇಂಥಾ ಮನಿಷಾ ಸಿಗಾಂಗಿಲ್ರಿ,” ಎಂದರು ಧರ್ಮಣ್ಣ. “ಬಣ್ಣ ಹೋಗಂಗಿಲ್ಲ ಅಂತ ಗಿರಾಕಿಗೆ ಹೇಳು ಅಂತ ಮಾಲಕರು ಕಣ್ಣು ಹೊಡೀತಿದ್ರು. ಇವರು, ಒಗದ್ರ ಒಂದಿಷ್ಟು ಹೋಗ್ತದ್ರಿ, ಅಂತಿದ್ರು. ಗಿರಾಕಿ ಎದ್ದು ಹೋಗ್ತಿತ್ತು. ಮಾಲಕರು ಬೈತಿದ್ರು. ಆದ್ರೂ ಸುಳ್ಳ ಹೇಳಲಿಲ್ಲ.”

“ನನ್ನ ತಮ್ಮ ಹುಟ್ಟಿ ಸುಳ್ಳ ಹೇಳಿದಾಂವಲ್ಲೋ ಯಪ್ಪಾ!” ಗೋಡೆಗೊರಗಿ ಕೂತಿದ್ದ ಪಾರವ್ವ ಎದೆ ಬಡಿದುಕೊಂಡಳು. ಅವಳು ಮಲಕಪ್ಪನ ಅಕ್ಕ. “ಅದಕ್ಕ ಅವನ ಎದಿ ಒಡೀತು. ಮನ್ಯಾಗಿನ ಮಂದಿ ಹಂಗ ಮಾಡಿದ್ರ…”

ಪಕ್ಕದಲ್ಲಿದ್ದ ಹೆಂಗಸು ನೀತಾಳ ಕಡೆ ಕಣ್ಣು ಹಾಯಿಸಿ, ಬಗ್ಗಿ ಕೇಳಿದಳು: “ಅಕೀನ ಏನು?”

“ಹೂಂ. ಅಕೀನ. ಕ್ಲಬ್ಬಿನಾಕಿ.”

ನೀತಾ ಉಳಿದ ಧೋತರವನ್ನು ಮಡಚಿ, ಒಳಗೆ ಹೋಗಿ, ನೀರಿನ ಕೊಡ ಎತ್ತಿಕೊಂಡು ಬಂದಳು.

*

ಎರಡು ವರ್ಷದ ಹಿಂದೆ, ಎರಡು ಸಾವಿರದ ಐದರ ಶ್ರಾವಣದಲ್ಲಿ, ಬ್ಯಾಂಕಿನಿಂದ ಒಂದು ಸ್ಟೇಟ್‌ಮೆಂಟ್ ಬಂತು. ಮಲಕಪ್ಪ ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ಅಂಕಿಗಳನ್ನು ಓದಿದ. ಅಂಕಿ ಅವನಿಗೆ ಚೆನ್ನಾಗಿ ಬರುತ್ತಿದ್ದವು; ಇಂಗ್ಲಿಷ್ ಅಕ್ಷರ ಬರುತ್ತಿರಲಿಲ್ಲ. ತಿಂಗಳು ತಿಂಗಳೂ ಇನ್ನೂರಾ ನಲವತ್ತು ರೂಪಾಯಿ ಹೋಗಿತ್ತು. ತಾನು ತೆಗೆದದ್ದಲ್ಲ. ಪಕ್ಕದ ಮನೆಯ ಭುಜಂಗನ ಹತ್ತಿರ ಒಯ್ದ. ಭುಜಂಗ ಕನ್ನಡಕ ಏರಿಸಿ, “ಸಿಲ್ವರ್ ನೈಟ್ಸ್ ಕ್ಲಬ್,” ಎಂದು ಓದಿದ. ಆಮೇಲೆ ದನಿ ತಗ್ಗಿಸಿ ಮರಾಠಿಯಲ್ಲಿ, “ಕ್ಲಬ್ ಆಹೇ ಹೋ. ರಾತ್ರೀಚಾ,” ಎಂದ, ರಾತ್ರಿಯ ಕ್ಲಬ್ಬು ಎಂದು. “ಸೊಸಿ ನೌಕರಿಗೆ ಹೋಗ್ತಾಳಲ್ಲ, ಆಕೀನ್ನ ಕೇಳಿ ನೋಡ್ರಿ.”

ಆ ವರ್ಷ ಡ್ಯಾನ್ಸ್ ಬಾರುಗಳ ಸುದ್ದಿ ದಿನಾ ಪೇಪರಿನಲ್ಲಿ ಬರುತ್ತಿತ್ತು. ಮಲಕಪ್ಪ ನಾಲ್ಕು ಹೆಜ್ಜೆಯ ಹಾದಿ ನಡೆದು ತನ್ನ ಮನೆ ಸೇರುವಷ್ಟರಲ್ಲಿ ಎಲ್ಲವನ್ನೂ ಜೋಡಿಸಿಕೊಂಡಿದ್ದ. ಬ್ಯಾಂಕಿನವರು ಕೊಟ್ಟ ಕಾರ್ಡು ಒಂದಿತ್ತು. ಅದನ್ನು ಒಮ್ಮೆಯೂ ಬಳಸದೆ, ದೇವರ ಜಗಲಿಯ ಮೇಲೆ ಬಸವಣ್ಣನ ಪಟದ ಹಿಂದೆ ಇಟ್ಟಿದ್ದ. ಯಾರ ಕೈಗಾದರೂ ಸಿಗುವ ಜಾಗ.

ನೀತಾ ಖರಾಡಿಯ ಒಂದು ಆಫೀಸಿನಲ್ಲಿ ಕಂಪ್ಯೂಟರಿಗೆ ಹೆಸರು, ವಿಳಾಸ ತುಂಬುವ ಕೆಲಸ ಮಾಡುತ್ತಿದ್ದಳು. ಆ ದಿನ ಅವಳು ಚಪ್ಪಲಿ ಬಿಡುವಷ್ಟರಲ್ಲಿ ಮಾವ ಎದುರಿಗೆ ನಿಂತಿದ್ದ. ಕಣ್ಣಿನ ಆಪರೇಷನ್ನಿಗೆಂದು ಬಂದಿದ್ದ ಪಾರವ್ವ ಒಂದು ಕಣ್ಣಿಗೆ ಹಸಿರು ಬಟ್ಟೆ ಇಳಿಬಿಟ್ಟುಕೊಂಡು ಮಂಚದ ಮೇಲೆ ಕೂತಿದ್ದಳು.

“ಈ ಮನ್ಯಾಗ ಇಂಗ್ಲಿಷ್ ಬರೋದು ಯಾರಿಗೆ?” ಮಲಕಪ್ಪನ ದನಿ ಏರಿರಲಿಲ್ಲ.

“ನನಗ ಬರ್ತದ್ರಿ ಮಾಮಾ. ಯಾಕ್ರಿ?”

“ಆಫೀಸು ಆರಕ್ಕ ಬಿಡ್ತದ. ನೀ ಎಂಟಕ್ಕ ಬರ್ತಿ.”

“ಎರಡು ಬಸ್ ಬದಲಿಸಬೇಕ್ರಿ.”

“ಕ್ಲಬ್ಬಿನ್ಯಾಗ ಏನ್ ಮಾಡ್ತಿ?”

ಅವಳಿಗೆ ಮೊದಲು ಅರ್ಥವೇ ಆಗಲಿಲ್ಲ. ನಕ್ಕುಬಿಟ್ಟಳು. ಆ ನಗೆಯೇ ಮುಂದೆ ಊರೆಲ್ಲ ಹೋಯಿತು. ಕಾರ್ಡ್ ಕದ್ದು ಕ್ಲಬ್ಬಿಗೆ ಹೋಗ್ತಾಳ, ಕೇಳಿದ್ರ ಹಿರ್ಯಾರ ಮುಂದ ನಗ್ತಾಳ, ಎಂದು. ಅವಳು ಅತ್ತದ್ದನ್ನು, ಜಗಲಿಗೆ ಕೈ ಮುಟ್ಟಿಸಿ ಆಣೆ ಮಾಡಿದ್ದನ್ನು ಪಾರವ್ವ ಯಾರಿಗೂ ಹೇಳಲಿಲ್ಲ.

ಊಟದ ಹೊತ್ತಿಗೆ ಶಿವರಾಜ ಅಡಿಗೆಮನೆಯ ಬಾಗಿಲಿಗೆ ಬಂದ. ಚಾಕಣದ ಬಿಡಿಭಾಗದ ಕಾರ್ಖಾನೆಯಿಂದ ಆಗಷ್ಟೇ ಮರಳಿದ್ದ. ಕೈಯಿಂದ ಎಣ್ಣೆಯ ವಾಸನೆ ಹೋಗಿರಲಿಲ್ಲ. “ಖರೇ ಹೇಳು,” ಎಂದ. “ಒಮ್ಮೆನೂ ಕಾರ್ಡ್ ಮುಟ್ಟಿಲ್ಲಲ್ಲ?”

ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸಿದಳು. ಆ ಪ್ರಶ್ನೆಯನ್ನು ಅವನು ಮತ್ತೆಂದೂ ಕೇಳಲಿಲ್ಲ. ಅವಳು ಎಂದೂ ಮರೆಯಲಿಲ್ಲ.

ಬರುವ ಅಮಾವಾಸ್ಯೆಯೊಳಗೆ ಗಂಡ ಹೆಂಡತಿ ಚಾಕಣದಲ್ಲಿ ಒಂದು ಕೋಣೆ ಹಿಡಿದರು. ಅಲ್ಲಿಂದ ಖರಾಡಿ ದೂರ. ನೀತಾ ನೌಕರಿ ಬಿಟ್ಟಳು. ಬಿಟ್ಟ ಸುದ್ದಿ ಊರಿಗೆ ಮುಟ್ಟಿದಾಗ, ಬಿಡಿಸಿದರಂತೆ, ಎಂದಾಯಿತು.

*

ಯುಗಾದಿ ಕಳೆದ ಮೇಲೆ ಒಂದು ಮಧ್ಯಾಹ್ನ ಮಲಕಪ್ಪ ಒಬ್ಬನೇ ಚಾಕಣಕ್ಕೆ ಬಂದ. ಶಿವರಾಜ ಪಾಳಿಯ ಮೇಲಿದ್ದ. ಕೈಯಲ್ಲಿ ಶೇಂಗಾ ಚಟ್ನಿಯ ಸ್ಟೀಲ್ ಡಬ್ಬಿ. ನೀತಾ ಚಾಪೆ ಹಾಸಿ, ನೀರು ಕೊಟ್ಟು, ದೂರ ನಿಂತಳು.

“ರೊಕ್ಕ ಇನ್ನೂ ಹೊಂಟದ,” ಎಂದ ಅವನು ಬ್ಯಾಂಕಿನ ಹಾಳೆ ಬಿಚ್ಚಿ. “ನೀ ಇಲ್ಲಿದ್ದಿ. ಕಾರ್ಡು ನನ್ನ ಅಂಗಿ ಬಕ್ಕಣದಾಗ ಅದ. ಆದ್ರೂ ಹೊಂಟದ.”

ಅವಳು ಹಾಳೆ ತೆಗೆದುಕೊಂಡು ಓದಿದಳು. ಕೆಳಗೆ ಸಣ್ಣಕ್ಷರದಲ್ಲಿದ್ದ ನಂಬರಿಗೆ ಮೊಬೈಲಿನಿಂದ ಫೋನ್ ಮಾಡಿದಳು. ಒಂದು ಒತ್ತಿ, ಎರಡು ಒತ್ತಿ, ಎಂದು ಯಂತ್ರ ಹೇಳುತ್ತಿತ್ತು, ನಡುನಡುವೆ ಸಂಗೀತ. ಕೊನೆಗೆ ಒಬ್ಬ ಹುಡುಗಿ ಸಿಕ್ಕಳು. ನೀತಾ ಮೊದಲು ಇಂಗ್ಲಿಷಿನಲ್ಲಿ, ಆಮೇಲೆ ಸಿಟ್ಟು ಬಂದಾಗ ಹಿಂದಿಯಲ್ಲಿ ಮಾತಾಡಿದಳು. ಮಾವ ಅವಳ ಮುಖವನ್ನೇ ನೋಡುತ್ತ ಕೂತಿದ್ದ.

ಫೋನ್ ಇಟ್ಟು ಅವಳು ಬಿಡಿಸಿ ಹೇಳಿದಳು. ಅದು ಕುಡಿಯುವ ಕ್ಲಬ್ಬಲ್ಲ. ದೊಡ್ಡ ಹೋಟೆಲುಗಳಲ್ಲಿ ರಾತ್ರಿ ವಸ್ತಿ ಮಾಡಿದವರಿಗೆ ರಿಯಾಯಿತಿ ಕೊಡುವ ಒಂದು ಕಂಪನಿ. ಕಾರ್ಡಿನ ಅರ್ಜಿಯಲ್ಲೇ ಅದಕ್ಕೂ ಒಪ್ಪಿಗೆ ಇತ್ತು. ಮೊದಲೆರಡು ತಿಂಗಳು ಪುಕ್ಕಟೆ. ಬೇಡವೆಂದು ಬರೆದು ತಿಳಿಸದಿದ್ದರೆ ಆಮೇಲೆ ಕಾರ್ಡಿಗೆ ಹತ್ತುತ್ತದೆ, ಕಾರ್ಡಿನಿಂದ ಖಾತೆಗೆ.

“ಒಪ್ಪಿಗಿ ಕೊಟ್ಟಾವರು ಯಾರು?”

“ಸಹಿ ನಿಮ್ದೇ ಅದ ಅಂತಾರ್ರಿ ಮಾಮಾ.”

ಮಲಕಪ್ಪ ಹಾಳೆಯನ್ನು ಮಡಚಿದ. “ಬ್ಯಾಂಕಿನ ಹುಡುಗ ಪೆಟ್ರೋಲ್ ಪಂಪಿನ ಮುಂದ ಟೇಬಲ್ ಹಾಕ್ಕೊಂಡು ಕುಂತಿದ್ದ,” ಎಂದ ಆಮೇಲೆ. “ಟೈ ಕಟ್ಟಿದ್ದ. ಇಲ್ಲೆ, ಇಲ್ಲೆ, ಇಲ್ಲೆ ಅಂತ ಬೆರಳಿಟ್ಟ. ನಾ ಸಹಿ ಮಾಡಿದೆ.” ಚಟ್ನಿಯ ಡಬ್ಬಿಯ ಕಡೆ ಕೈ ತೋರಿಸಿದ. “ಇದನ್ನ ಫುಕಟ ಕೊಟ್ಟಿದ್ದ.”

ಅವಳು ಎರಡು ಕಾಗದ ಬರೆದಳು, ಒಂದು ಕಂಪನಿಗೆ, ಒಂದು ಬ್ಯಾಂಕಿಗೆ. ಅವನು ಎರಡಕ್ಕೂ ಸಹಿ ಹಾಕಿದ. ಹಾಕುವ ಮೊದಲು, “ಏನ್ ಬರದದ, ಓದಿ ಹೇಳು ತಂಗಿ,” ಎಂದ. ಪೋಸ್ಟಾಫೀಸಿನವರೆಗೂ ಜೊತೆಯಲ್ಲೇ ನಡೆದು ರಜಿಸ್ಟರ್ ಮಾಡಿಸಿದರು. ಬಸ್ ಸ್ಟ್ಯಾಂಡಿನಲ್ಲಿ ಅವನು ಅವಳ ಮುಖ ನೋಡದೆ ಹೇಳಿದ: “ದೀಪಾಲಿ ಲಗ್ನದಾಗ ಬಳಗೆಲ್ಲಾ ಕೂಡ್ತದ. ಅಲ್ಲೇ, ಎಲ್ಲಾರ ಮುಂದ, ನಾನಽ ಹೇಳ್ತೀನಿ. ತಪ್ಪು ನಂದು ಅಂತ.”

ಮರುತಿಂಗಳು ಫೋನ್ ಬಂತು. “ನಿಂತದ ತಂಗಿ,” ಎಂದಷ್ಟೇ ಹೇಳಿ ಇಟ್ಟ.

ಮಲಕಪ್ಪನ ಮಗಳು ದೀಪಾಲಿಯ ಮದುವೆ ಇಂಡಿಯಲ್ಲಿ ಆಯಿತು. ಅಕ್ಕಿಕಾಳು ಬಿದ್ದ ಮೇಲೆ ಗಂಡಸರೆಲ್ಲ ಹಂದರದ ಕೆಳಗೆ ಎಲೆ ಅಡಿಕೆ ಹಾಕುತ್ತ ಕೂತಿದ್ದರು. ಪಾರವ್ವನೂ ಅಲ್ಲೇ ಇದ್ದಳು. ನೀತಾ ಕಂಬದ ಮರೆಯಲ್ಲಿ ನಿಂತು ಕಾದಳು. ಮಲಕಪ್ಪ ಗಂಟಲು ಸರಿಮಾಡಿಕೊಂಡ. ಎಲ್ಲರೂ ಅವನ ಕಡೆ ತಿರುಗಿದರು. ಅವನು, “ಪುಣೆ ಬಸ್ ಈಗ ಸೊಲ್ಲಾಪುರದಾಗ ಭಾಳ ಹೊತ್ತು ನಿಲ್ಲಸ್ತಾರ,” ಎಂದ.

ಪುಣೆಗೆ ಹೊರಡುವಾಗ ಅವಳ ಬಳಿ ಬಂದು, “ಇವತ್ತು ಬಾಯಿ ಬರಲಿಲ್ಲವ್ವಾ,” ಎಂದ. “ದೀಪಾವಳಿಗೆ ಹೇಳ್ತೀನಿ.”

ದೀಪಾವಳಿಗೆ ಮೊದಲೇ ಪಾರ್ಶ್ವವಾಯು ಹೊಡೆಯಿತು. ಬಲಗೈ, ಬಲಗಾಲು ಹೋದವು; ಮಾತು ಹೋಯಿತು. ನೀತಾ ಚಾಕಣದ ಕೋಣೆಗೆ ಬೀಗ ಹಾಕಿ ಕೊಂಢವಾಕ್ಕೆ ಬಂದು, ಮೈ ಒರೆಸಿ, ಗಂಜಿ ಕುಡಿಸಿ, ಮಗ್ಗಲು ಬದಲಿಸಿದಳು. ತಿಂಗಳೊಪ್ಪತ್ತಿನ ಮೇಲೆ ಗಂಟಲಿನಿಂದ ಒಂದೇ ಒಂದು ಶಬ್ದ ಮರಳಿ ಬಂತು. ಯಾರಾದರೂ ನೋಡಲು ಬಂದರೆ ಸಾಕು, ಮಲಕಪ್ಪ ಎಡಗೈ ಎತ್ತಿ ನೀತಾಳ ಕಡೆ ತೋರಿಸುತ್ತಿದ್ದ. ಕಣ್ಣಲ್ಲಿ ನೀರು ತುಂಬುತ್ತಿತ್ತು.

“ಕ್ಲಬ್ಬ,” ಎನ್ನುತ್ತಿದ್ದ. “ಕ್ಲಬ್ಬ. ಕ್ಲಬ್ಬ.”

ಬಂದವರು ಅವಳನ್ನೊಮ್ಮೆ ನೋಡಿ ತಲೆ ತಗ್ಗಿಸುತ್ತಿದ್ದರು. ಪಾರವ್ವ ಬಂದಾಗ ತಮ್ಮನ ಆ ಕೈ ಹಿಡಿದು, “ಇರಲಿ ಬಿಡಪ್ಪಾ, ಮಲ್ಲಯ್ಯ ದೇವರು ನೋಡ್ಕೋತಾನ,” ಎಂದು ಸಮಾಧಾನ ಮಾಡಿದಳು. ಅವನು ತಲೆಯನ್ನು ಹಾಸಿಗೆಗೆ ಬಡಿಬಡಿದು ಇನ್ನೂ ಜೋರಾಗಿ ಅದನ್ನೇ ಕೂಗಿದ. ಅವನು ಏನು ಹೇಳಹೊರಟಿದ್ದನೆಂದು ನೀತಾಗೆ ಗೊತ್ತಿತ್ತು. ಕೆಲವು ದಿನ, ಗೊತ್ತಿದೆಯೇ ಎಂದು ಅವಳಿಗೇ ಅನುಮಾನವಾಗುತ್ತಿತ್ತು.

*

ಹೆಣ ಕೂಡಿಸಿದ ಡೋಲಿ ಇಳಿಸುವ ಮುಂಚೆ ನೀತಾ ಮೆಟ್ಟಿಲ ಮೇಲೆ ಗಂಡನನ್ನು ತಡೆದಳು.

“ನೀವಾದ್ರೂ ಹೇಳ್ರಿ ಬಳಗದವರಿಗೆ,” ಎಂದಳು. “ಕಾಗದ ನಾವು ಬರದದ್ದು, ರೊಕ್ಕ ಹೋಗೂದು ನಿಂತದ್ದು ನಿಮಗ ಗೊತ್ತದ.”

“ಇವತ್ತ?” ಶಿವರಾಜನ ಹಣೆಯ ತುಂಬ ವಿಭೂತಿ, ಕಣ್ಣು ಕೆಂಪು. “ಅಪ್ಪ ಸುಳ್ಳ ಹೇಳಿದ ಅಂತ ಇವತ್ತ ಹೇಳ್ಲಿ?”

“ಸುಳ್ಳ ಅಲ್ರಿ. ತಿಳೀಲಾರದ ಹೇಳಿದ್ರು.”

“ಮತ್ತ ತಿಳಿದ ಮ್ಯಾಲೆ ಯಾಕ ಹೇಳಲಿಲ್ಲ ಅಂತ ಕೇಳ್ತಾರ. ಏನ್ ಹೇಳ್ಲಿ?”

ಕೆಳಗಿನಿಂದ ಯಾರೋ ಅವನನ್ನು ಕೂಗಿದರು. ಅವನು ಅವಳ ಭುಜ ಮುಟ್ಟಿ ಇಳಿದು ಹೋದ.

ಮಣ್ಣು ಕೊಡುವ ಜಾಗದಲ್ಲಿ ಎಲ್ಲ ಸಾಂಗವಾಗಿ ನಡೆಯಿತು. ಕುಣಿಯ ಗೂಡಿನಲ್ಲಿ ಮಲಕಪ್ಪನನ್ನು ಕೂಡಿಸಿ, ಎಡಗೈಯಲ್ಲಿ ಇಷ್ಟಲಿಂಗವಿಟ್ಟು, ಅಯ್ಯನವರು ವಿಭೂತಿ, ಬಿಲ್ವಪತ್ರೆ ಸುರಿದರು. ಸೊಸೆಯ ಸರದಿ ಬಂದಾಗ ನೀತಾ ಮುಷ್ಟಿ ಮಣ್ಣು ತೆಗೆದುಕೊಂಡು ಅಂಚಿಗೆ ಬಂದಳು. ಮೇಲಿನಿಂದ ಅವನ ನೆತ್ತಿಯ ಗಂಟು ಮಾತ್ರ ಕಾಣುತ್ತಿತ್ತು. “ನೀವು ಹೇಳಬೇಕಿತ್ತು ಮಾಮಾ,” ಎಂದಳು. ಭಜನೆಯ ತಾಳದ ಸದ್ದಿನಲ್ಲಿ ಅದು ಅವಳಿಗೇ ಕೇಳಿಸಲಿಲ್ಲ. ಹಿಂದಿದ್ದವರು ಸರಿಯಲು ಹೇಳಿದರು. ಮಣ್ಣು ಹಾಕಿ ಸರಿದಳು.

ಮನೆಗೆ ಮರಳಿ ಎಲ್ಲರೂ ಕಾಲು ತೊಳೆದು, ಹಚ್ಚಿಟ್ಟ ದೀಪಕ್ಕೆ ಕೈಮುಗಿದು ಕೂತರು. ನೆರೆಯವರು ಚಹಾ ತಂದಿದ್ದರು. ನೀತಾ ಒಬ್ಬೊಬ್ಬರಿಗೇ ಲೋಟ ಕೊಟ್ಟು ಮುಗಿಸಿದಳು. ಬೆಳಗಿನಿಂದ ಅವಳು ಕೂತೇ ಇರಲಿಲ್ಲ. ಹೆಂಗಸರ ನಡುವೆ, ಪಾರವ್ವನ ಮಗ್ಗುಲಿಗೆ ಮಾತ್ರ ಒಂದಿಷ್ಟು ಜಾಗ ಖಾಲಿ ಇತ್ತು. ಅಲ್ಲಿಗೆ ಹೋಗಿ ಗೋಡೆ ಹಿಡಿದು ಕೂತಳು.

ಪಾರವ್ವ ಕಣ್ಣು ಮುಚ್ಚಿಕೊಂಡು ತಮ್ಮನನ್ನು ಹಾಡಿ ಹಾಡಿ ಅಳುತ್ತಿದ್ದಳು. ಮಗ್ಗುಲಲ್ಲಿ ಯಾರೋ ಕೂತದ್ದು ತಿಳಿದು ಕಣ್ಣು ತೆರೆದಳು. ಯಾರೆಂದು ನೋಡಿದಳು. ಅಳು ನಿಲ್ಲಲಿಲ್ಲ, ರಾಗವೂ ತಪ್ಪಲಿಲ್ಲ. ಇಬ್ಬರ ನಡುವೆ ನೆಲದ ಮೇಲಿದ್ದ ತನ್ನ ಬಟ್ಟೆಯ ಕೈಚೀಲವನ್ನು ಮೆಲ್ಲಗೆ ಎಳೆದು ತೊಡೆಯ ಮೇಲಿಟ್ಟುಕೊಂಡು, ಅದರ ಮೇಲೆ ಸೆರಗು ಮುಚ್ಚಿದಳು.