ಆರನೆಯ ಮನೆ

ಐದು ಮನೆಯ ಅಡುಗೆ ಒಂದೇ ಬುಟ್ಟಿಯಲ್ಲಿ ಬೆರೆತಾಗ ಏಳುವ ಆ ವಾಸನೆ, ಒಬ್ಬರ ಬಿಸಿ ರೊಟ್ಟಿ, ಇನ್ನೊಬ್ಬರ ಪುಂಡಿಪಲ್ಯ, ಮತ್ತೊಬ್ಬರ ಕೊಂಚ ಸೀದ ಹೆಸರುಕಾಳು, ಎಲ್ಲದರ ಮೇಲೆ ಬ್ಯಾಡಗಿಯ ಗಾಳಿಯಲ್ಲೇ ಇರುತ್ತಿದ್ದ ಒಣಮೆಣಸಿನಕಾಯಿಯ ಸಿಹಿ ಘಾಟು — ಅರವತ್ತೇಳು ವರ್ಷದ ಹಿಂದಿನದು ಇವತ್ತು ಯಾಕೆ ಬಂತು, ರಾಣೆಬೆನ್ನೂರು ಸ್ಟೇಶನ್ ಎದುರಿನ ಈ ಪೊಲೀಸ್ ಚೌಕಿಯಲ್ಲಿ ಫಿನೈಲ್ ಬಿಟ್ಟರೆ ಬೇರೇನೂ ನಾರುವುದಿಲ್ಲವಲ್ಲ, ಎಂದುಕೊಳ್ಳುತ್ತ ಮಹೇಶ್ವರಿ ಬೆಂಚಿನ ಮೇಲೆ ಸರಿದು ಕುಳಿತರು, ಪಕ್ಕದಲ್ಲಿ ಚೌಡವ್ವ, ಸ್ಟೇಶನ್ ಮೆಟ್ಟಿಲ ಬುಡದಲ್ಲಿ ಇಪ್ಪತ್ತೈದು ವರ್ಷದಿಂದ ಕೂತು ಬೇಡಿ ಉಣ್ಣುವವಳು, ಮುಂಜಾನೆ ಹಿಡಿದು ತಂದಿದ್ದಾರೆ, ಬೇಡುವುದು ಅಪರಾಧ, ಒಂದು ಗಂಟೆಗೆ ನಿರಾಶ್ರಿತರ ಕೇಂದ್ರದ ಗಾಡಿ ಬರುತ್ತದೆ, ಹತ್ತಿಸಿದರೆ ಮುಗಿಯಿತು, ವರ್ಷವೋ ಎರಡು ವರ್ಷವೋ, ಅಷ್ಟು ದಿನ ಬದುಕಿ ತಿರುಗಿ ಬರುವ ವಯಸ್ಸೇ ಇದು, ಆಟೋದ ಮೆಹಬೂಬ ಹಾವೇರಿಗೆ ಫೋನು ಮಾಡಿ, ಅಕ್ಕೋರ, ಮುದುಕಿನ್ನ ಒಯ್ದಾರ್ರಿ, ನಿಮ್ಮ ಹೆಸರ ಹೇಳಾಕತ್ತಾಳ, ಲಗೂ ಬರ್ರಿ, ಅಂದಿದ್ದ, ಅವನಿಗೇನು ಬಿದ್ದಿತ್ತು, ಬಾಡಿಗೆ ಬಿಟ್ಟು ಬಸ್‌ಸ್ಟ್ಯಾಂಡಿನಲ್ಲಿ ಕಾದಿದ್ದ, ಇಳಿಯುವಾಗ ಮೊಣಕೈ ಹಿಡಿದ, ಹಿಡಿದದ್ದು ತನಗೆ ಗೊತ್ತಾಗದಷ್ಟು ಹಗುರವಾಗಿ, ಇಂಥವನ್ನು ಯಾರು ಕಲಿಸುತ್ತಾರೆ ಈ ಹುಡುಗರಿಗೆ.

ಚೌಡವ್ವನೂ ಹಾಗೇ ಅಲ್ಲವೆ, ಹಾವೇರಿಯಿಂದ ದಿನಾ ಇಲ್ಲಿಯ ಕಾಲೇಜಿಗೆ ಪಾಠ ಹೇಳಲು ಓಡಾಡುತ್ತಿದ್ದ ಕಾಲ, ಗದ್ದಲದಲ್ಲಿ ರೈಲು ಹತ್ತುವಾಗ ತನ್ನದೊಂದು ಚಪ್ಪಲಿ ಕೆಳಗೆ ಬಿತ್ತು, ಮರುದಿನ ಈಕೆ ಅದನ್ನು ಪೇಪರಿನಲ್ಲಿ ಸುತ್ತಿ ಹಿಡಿದು ಕೂತಿದ್ದಳು, ಒಂದ ಕಾಲಿಂದ ತುಗೊಂಡು ಯಾರ ಏನ ಮಾಡ್ತಾರ್ರಿ ಅಕ್ಕೋರ, ಅಂತ ನಕ್ಕಳು, ಇನ್ನೊಂದನ್ನು ತಾನು ಸಿಟ್ಟಿನಲ್ಲಿ ಹಿಂದಿನ ದಿನವೇ ಎಸೆದಿದ್ದೆ ಎಂದು ಹೇಳಲು ಬಾಯಿ ಬರಲಿಲ್ಲ, ಇಂದಿಗೂ ಹೇಳಿಲ್ಲ — ಮೇಜಿನಾಚೆ ಪುಂಡಲೀಕ ಫಾರ್ಮು ತುಂಬುತ್ತಿದ್ದಾನೆ, ಈಗ ಎಎಸ್‌ಐ, ಆಗ ಬಿಎ ಎರಡನೇ ವರ್ಷದ ಕೊನೆ ಬೆಂಚು, ಪ್ರತಿ ವರ್ಷ ರಾಜ್ಯಶಾಸ್ತ್ರದ ತರಗತಿಯಲ್ಲಿ ಒಂದು ಚರ್ಚೆ ಇಡುತ್ತಿದ್ದರು ಮಹೇಶ್ವರಿ, ಯಾರಿಗೂ ಕೇಡಾಗದ ತಪ್ಪಿಗೆ ಶಿಕ್ಷೆ ಬೇಕೆ, ಇಸ್ಪೀಟು, ಕುಡಿತ, ಭಿಕ್ಷೆ, ಹುಡುಗರು ಇಸ್ಪೀಟಿನ ಪರವಾಗಿ ಎಷ್ಟು ಕಳಕಳಿಯಿಂದ ಮಾತಾಡುತ್ತಿದ್ದರು, ಪುಂಡಲೀಕ ಮಾತ್ರ ಎದ್ದು, ಬೇಡೂದರ ಮದಲ್ನೇ ಬಲಿ ಬೇಡಾವನರಿ, ಎರಡನೇ ಬಲಿ ಅವನ ಬಗಲಾಗಿನ ಕೂಸು, ಅಂದಿದ್ದ, ಬಹುಮಾನ ಕೊಟ್ಟವರು ತಾವೇ, ಖರೆ ಇತ್ತಲ್ಲ ಅವನ ಮಾತು, ಎಳೆಗೂಸಿಗೆ ನಿದ್ದೆ ಬರಿಸಿ ಬಿಸಿಲಲ್ಲಿ ಮಲಗಿಸುವವರನ್ನು ತಾವೂ ಕಂಡಿಲ್ಲವೆ, ಆದರೆ ಚೌಡವ್ವನ ಬಗಲಲ್ಲಿ ಯಾರಿದ್ದಾರೆ, ಒಂದು ತಂಬಿಗೆ, ಒಂದು ಗಂಟು.

ನೀವ ಕಪ್ ಕೊಟ್ಟಿದ್ರಿ ಮೇಡಮ್ರ, ಇನ್ನೂ ಮನ್ಯಾಗ ಐತಿ, ಎಂದ ಪುಂಡಲೀಕ ತಲೆ ಎತ್ತದೆ, ಅದರಾಗ ನಮ್ಮಾಕಿ ಚಮಚೆ ಇಡತಾಳ, ಮತ್ತ ಇವತ್ತ ನೀವ ಬಂದ ಬಿಡು ಅಂದ್ರ ನಾ ಏನ ಮಾಡ್ಲಿ, ಆಮೇಲೆ ದನಿ ತಗ್ಗಿಸಿ, ಒಂದ ದಾರಿ ಐತ್ರಿ, ದೇವರ ಹರಕಿಗೆ ಬೇಡಾವರನ್ನ ಕಾಯ್ದೆದಾಗ ಬಿಟ್ಟಾರ, ಆಕಿ ಹಂಗಂತ ಒಂದ ಮಾತ ಹೇಳ್ಲಿ, ನಾ ಬರಕೊತೇನಿ, ಪೆನ್ನು ನಿಂತಿದೆ, ಎಷ್ಟು ಮೆತ್ತಗೆ ಕೇಳಿದ ನೋಡು, ಹೇಳವ್ವ ಚೌಡವ್ವ, ಎಲ್ಲವ್ವನ ಹೆಸರಲೆ ಅಂತ ಹೇಳು, ಎಂದರು ಮಹೇಶ್ವರಿ, ಚೌಡವ್ವ ಸೆರಗು ಸರಿಮಾಡಿಕೊಂಡಳು, ಆಕಿ ಪಾಡಿಗೆ ಆಕಿ ಗುಡ್ಡದಾಗ ಕುಂತಾಳ, ಆಕಿನ್ಯಾಕ ಚೌಕಿಗೆ ಎಳೀಲಿ ಅಕ್ಕೋರ, ನಾ ಹೊಟ್ಟಿಗಂತ ಬೇಡತೇನಿ, ಹೊಟ್ಟಿಗಂತ ಬರಕೊಳ್ಳಪ್ಪಾ — ಇಷ್ಟು ನೆಟ್ಟಗೆ ಹೇಳಿಬಿಟ್ಟಳು, ಇನ್ನೇನು ಉಳಿಯಿತು, ಗಡಿಯಾರದಲ್ಲಿ ಒಂದಕ್ಕೆ ಹತ್ತು ನಿಮಿಷ, ನೆತ್ತಿಯಲ್ಲಿ ಸಣ್ಣಗೆ ಬೆವರು, ಆ ವಾಸನೆ ಮತ್ತೆ, ಏಳು ವರ್ಷದ ಹುಡುಗಿ, ದಡಾರ ಬಂದು ಉಳಿದವಳು, ಮಗಳು ಎದ್ದರೆ ಎಲ್ಲವ್ವನ ಹೆಸರಲ್ಲಿ ಐದು ಮನೆ ಜೋಗ ಬೇಡಿಸುತ್ತೇನೆ ಎಂದು ಅವ್ವ ಹರಕೆ ಹೊತ್ತಿದ್ದಳು, ಅಪ್ಪನದು ಮೆಣಸಿನಕಾಯಿಯ ದೊಡ್ಡ ಅಂಗಡಿ, ಆದರೂ ಹೊಸ ಲಂಗ ಉಡಿಸಿ, ಹಣೆಗೆ ಭಂಡಾರ ಹಚ್ಚಿ, ಕೈಗೆ ಬುಟ್ಟಿ ಕೊಟ್ಟು ಮನೆಮನೆ ನಿಲ್ಲಿಸಿದ್ದಳು, ನೀಡಿದವರೆಲ್ಲ ತನ್ನ ಕಾಲು ಮುಟ್ಟಿದ್ದರು, ಐದು ಮುಗಿಯಿತು, ಅವ್ವ ತಿರುಗಿದಳು, ತಾನು ಮಾತ್ರ ಇನ್ನೊಂದು ಬಾಗಿಲಿಗೆ ಓಡಿದೆ.

ನನ್ನೂ ಗಾಡಿ ಹತ್ತಸು ಪುಂಡಲೀಕ, ಎಂದುಬಿಟ್ಟರು, ದನಿ ತಮ್ಮದೇ ಹೌದೋ ಅಲ್ಲವೋ, ನಾನೂ ಬೇಡೇನಿ, ಬ್ಯಾಡಗ್ಯಾಗ, ಸಣ್ಣಾಕಿದ್ದಾಗ, ಎಲ್ಲವ್ವನ ಬುಟ್ಟಿ ಹಿಡದು, ಅವನು ನಕ್ಕ, ಅದು ಜೋಗರಿ ಮೇಡಮ್ರ, ಹರಕಿ, ಅದಕ್ಕ ಮಾಫಿ ಐತಿ, ಐದ ಮನಿ ಹರಕಿದಪ್ಪಾ, ಎಂದರು ಮಹೇಶ್ವರಿ, ಆರನೇದು ನಂದು, ಶಮಶೇರಸಾಬನ ಮನಿ, ಹಮಾಲಿ ಮಾಡತಿದ್ದ ನಮ್ಮ ಅಂಗಡ್ಯಾಗ, ಮೊಹರಂ ಇತ್ತು, ಅವನ ಹೇಂತಿ ಚೊಂಗೆ ರೊಟ್ಟಿ ಸುಡಾಕತ್ತಿದ್ಲು, ಬೆಲ್ಲದ ವಾಸನಿ ಬಡೀತು, ದೇವರಿಲ್ಲ ದಿಂಡರಿಲ್ಲ, ಬೇಕನಿಸ್ತು, ಕೈ ಒಡ್ಡಿದೆ, ಆಕಿ ಎಲ್ಲವ್ವಂದೋ ಯಾರದೋ ಅಂತ ಕೇಳಲಿಲ್ಲ, ಊದಿ ಆರಿಸಿ ಕೊಟ್ಲು, ಅವ್ವ ಬಂದು ಕಿವಿ ಹಿಂಡಿದ್ಲು — ಯಾರಿಗೆ ಕೇಡಾಯಿತು ಆವತ್ತು, ಕಿವಿಗೊಂದು ಬಿಟ್ಟರೆ, ಅರವತ್ತೇಳು ವರ್ಷ ಯಾರಿಗೂ ಹೇಳದ್ದು ಇಲ್ಲಿ, ಚೌಕಿಯಲ್ಲಿ, ಒಬ್ಬ ಶಿಷ್ಯನ ಮುಂದೆ, ಚೌಡವ್ವ ಬಾಯಿಗೆ ಸೆರಗು ಒತ್ತಿ ನಗುತ್ತಿದ್ದಾಳೆ, ಭಾರೀ ಅದೀರಿ ಬಿಡ್ರಿ ಅಕ್ಕೋರ, ಪುಂಡಲೀಕ ನಗಲಿಲ್ಲ, ಕಿಟಕಿಯ ಕಡೆ ನೋಡಿದ, ಬಾಗಿಲಲ್ಲೇ ನಿಂತಿದ್ದ ಪೇದೆಯನ್ನು ಕರೆದು, ಕಿರಣಕುಮಾರ, ಈಕಿ ಯಾರನ್ನರ ಬೇಡಿದ್ದು ನೀ ಖುದ್ದ ಕಂಡಿಯೇನು, ಅಂದ, ಇಲ್ರಿ ಸರ, ಮೆಟ್ಟಲಕ್ಕ ಕುಂತಿದ್ಲು, ಎಬ್ಬಿಸಿ ಕರಕೊಂಬಂದೆ, ಕುಂಡ್ರೂದು ತಪ್ಪಲ್ಲೋ, ಎಂದು ಫಾರ್ಮನ್ನು ಎರಡಾಗಿ ಮಡಿಚಿದ, ಆದ್ರ ಸರ ಈಗ ತಾನ ಹೇಳಿದ್ಲಲ್ಲ ಹೊಟ್ಟಿಗಂತ, ಎಂದ ಪೇದೆ, ನನಗ ಕೇಳಸಲಿಲ್ಲಪ್ಪಾ, ಗೂಡ್ಸ್ ರೈಲು ಹೋಗಾಕತ್ತಿತ್ತು, ಎಂದ ಪುಂಡಲೀಕ.

ಯಾವ ರೈಲೂ ಹೋಗಿರಲಿಲ್ಲ. ಹಳಿಯ ಮೇಲೆ ಒಂದು ನಾಯಿ ಮಲಗಿತ್ತು, ಎಷ್ಟು ಆರಾಮಾಗಿ, ಆ ಕಪ್ ಕೊಟ್ಟದ್ದು ಸುಳ್ಳಾಗಲಿಲ್ಲ, ಇವನಿಗೆ ಇನ್ನೊಂದು ಕೊಡಬೇಕು, ಹೊರಗೆ ಗಾಡಿಯ ಹಾರ್ನು, ಇಲ್ಲಿ ಯಾರೂ ಇಲ್ಲ, ಮುಂದ ನಡೀರಿ, ಎಂದು ಕೂಗುವ ಪುಂಡಲೀಕನ ದನಿ, ಗೇರು ಬದಲಾಗುವ ಸದ್ದು, ಸದ್ದು ದೂರ, ಏಳಬೇಕು, ಎರಡರ ಬಸ್ಸು ಸಿಕ್ಕೀತು, ಏಳಲು ಹೋದವರು ಮತ್ತೆ ಬೆಂಚಿಗೇ ಕೂತರು, ಮುಂಜಾನೆ ಫೋನು ಬಂದಾಗ ತಟ್ಟೆ ಬಿಟ್ಟು ಎದ್ದದ್ದು, ಸಕ್ಕರೆ ಕಾಯಿಲೆಯ ಗುಳಿಗೆ ಮಾತ್ರ ಹೊಟ್ಟೆಯಲ್ಲಿ, ಕಣ್ಣ ಮುಂದೆ ಗೋಡೆ ತುಸು ತೇಲಿತು, ಬಲಗೈ ಮಡಿಲಲ್ಲಿ ಬಿಚ್ಚಿಕೊಂಡು ಬಿದ್ದಿತ್ತು, ಚೌಡವ್ವ ಆ ಕೈಯನ್ನು ನೋಡಿದಳು, ಏನೂ ಕೇಳಲಿಲ್ಲ, ಗಂಟು ಬಿಚ್ಚಿದಳು, ತನ್ನ ಮಧ್ಯಾಹ್ನದ ರೊಟ್ಟಿ, ಯಾವ ಮನೆಯದೋ, ಅಂಚು ಒಣಗಿದ್ದು, ಮಡಿಕೆಯ ಒಳಗೆ ಗುರೆಳ್ಳು ಚಟ್ನಿ, ಅದನ್ನು ಆ ಅಂಗೈಯ ಮೇಲೆ ಇಟ್ಟಳು.